ಹಳ್ಳದ ಹೊಲದಲ್ಲಿ ಇದ್ದವಳು

"ಅಜ್ಜಾರೆ, ಮನಸ್ಸಿನೊಳಗೆ ಕೋಪ ಬಾರದಂತೆ ತಡೆಯುವುದು ಹೇಗೆ?"

ಮಠದ ಜಗಲಿಯಲ್ಲಿ ಬೆಳಗಿನ ಪಾಠ ಮುಗಿದಿತ್ತು. ಉಳಿದವರು ಎದ್ದು ಹೋಗಿದ್ದರು. ಕೇಳಿದವನು ಚನ್ನವೀರ. ಎಲ್ಲರೂ ಅಜ್ಜಾರು ಎನ್ನುತ್ತಿದ್ದ ಗುರುಗಳ ಬಳಿ ಆರು ವರ್ಷಗಳಿಂದ ಓದುತ್ತಿದ್ದ. ಓದಿನಲ್ಲಿ ಚುರುಕು, ಮಾತಿನಲ್ಲಿಯೂ ಚುರುಕು.

"ಬಂದ ಮೇಲೆ ಹೊರಗೆ ಕಳಿಸುವುದು ಬಹಳ ಕಷ್ಟ," ಎಂದು ಅವನೇ ಮುಂದುವರಿಸಿದ. "ಬರುವ ಮೊದಲೇ ನಿಲ್ಲಿಸುವ ಮಂತ್ರವೊಂದಿದ್ದರೆ ಕೊಡಿ. ದಿನಕ್ಕೆ ಸಾವಿರ ಸಲ ಹೇಳುತ್ತೇನೆ."

"ನೀನು ಕೇಳುತ್ತಿರುವುದು ತಡೆಯಾಜ್ಞೆ," ಎಂದರು ಗುರುಗಳು. "ಅದನ್ನು ಕೋರ್ಟಿನಲ್ಲಿ ಕೊಡುತ್ತಾರೆ. ಹಾಗೆ ಕೇಳಲು ಹೋದ ಒಬ್ಬ ಹೆಣ್ಣುಮಗಳ ಕತೆ ಹೇಳುತ್ತೇನೆ. ಕೂತು ಕೇಳು."

ಚನ್ನವೀರ ಕುಳಿತ. ಗುರುಗಳು ಹೇಳತೊಡಗಿದರು.

ಕಪ್ಪು ಮಣ್ಣಿನ ಎರೆಭೂಮಿಯ ಒಂದು ಊರು. ಅಲ್ಲಿ ನೀಲಗಂಗವ್ವ ಎಂಬ ಹೆಣ್ಣುಮಗಳು ಒಕ್ಕಲುತನ ಮಾಡಿಕೊಂಡಿದ್ದಳು. ಊರ ಕೆಳಗೆ, ಹಳ್ಳದ ದಂಡೆಗೆ, ಐದು ಎಕರೆ ಹೊಲ. ಹಿಂಗಾರಿಯಲ್ಲಿ ಬಿಳಿಜೋಳ ಬೆಳೆಯುವ ಒಳ್ಳೆಯ ನೆಲ. ಮದುವೆಯಾಗಿ ಬಂದ ವರ್ಷದಿಂದ ಅವಳು ಆ ಹೊಲದಲ್ಲಿ ದುಡಿದವಳು. ಗಂಡ ಕಲ್ಲಪ್ಪ ಕೂರಿಗೆ ಹೊಡೆದರೆ ಹಿಂದೆ ಕಾಳು ಬಿಡುತ್ತಿದ್ದವಳು ಅವಳೇ. ಗಂಡ ತೀರಿಹೋಗಿ ಒಂಬತ್ತು ವರ್ಷವಾಗಿತ್ತು. ಮಗಳು ಮದುವೆಯಾಗಿ ಪಕ್ಕದೂರಿನಲ್ಲಿದ್ದಳು. ಹೊಲ ಅವಳ ಕೈಯಲ್ಲಿತ್ತು, ಅವಳು ಹೊಲದಲ್ಲಿದ್ದಳು. ಅದಕ್ಕಿಂತ ಹೆಚ್ಚಿನದನ್ನು ಅವಳು ಬಯಸಿರಲಿಲ್ಲ.

ಆ ಹೊಲ ಅವಳ ಮನೆಗೆ ಬಂದದ್ದು ಒಂದು ಮಾತಿನಿಂದ. ನಲವತ್ತು ವರ್ಷದ ಹಿಂದೆ ಅದು ಅವಳ ಮಾವನ ಅಣ್ಣನದಾಗಿತ್ತು. ಮಾವನ ಹೊಲ ಬೇರೆ ಕಡೆ ಇತ್ತು, ಅಣ್ಣನ ಮನೆಯ ಹಿತ್ತಲಿಗೆ ಹೊಂದಿಕೊಂಡು, ಬಾವಿಯ ಹತ್ತಿರ. ಒಂದು ದಿನ ಅಣ್ಣ ತಮ್ಮನನ್ನು ಕರೆದ. "ನಿನ್ನ ಹೊಲ ನನ್ನ ಮನೆಗೆ ಹತ್ತಿರ. ನನ್ನ ಹೊಲದ ಜೋಳ ನಿನಗೆ ಇಷ್ಟ. ಅದಲು ಬದಲು ಮಾಡಿಕೊಳ್ಳೋಣ," ಎಂದ. ತಮ್ಮ ಒಪ್ಪಿದ. ಇಬ್ಬರೂ ಬದುವಿನ ಮೇಲೆ ನಿಂತು ಕೈ ಹಿಡಿದರು. ಆ ದಿನ ಎರಡೂ ಮನೆಯವರು ಒಟ್ಟಿಗೆ ಹೋಳಿಗೆ ಉಂಡರು. ಕಚೇರಿಗೆ ಮಾತ್ರ ಯಾರೂ ಹೋಗಲಿಲ್ಲ. ಅಣ್ಣತಮ್ಮಂದಿರ ನಡುವೆ ಕಾಗದ ಯಾಕೆ ಎಂದುಕೊಂಡರು.

ಅಣ್ಣ ಬಾವಿಯ ಪಕ್ಕದ ನೆಲದಲ್ಲಿ ನಿಂಬೆ ತೋಟ ಮಾಡಿದ. ತಮ್ಮ ಹಳ್ಳದ ಹೊಲದಲ್ಲಿ ಜೋಳ ಬೆಳೆದ. ಇಬ್ಬರೂ ತೃಪ್ತಿಯಿಂದ ಬಾಳಿ ತೀರಿಕೊಂಡರು. ಪಹಣಿಯಲ್ಲಿ ಹೆಸರುಗಳು ಮೊದಲಿದ್ದ ಹಾಗೆಯೇ ಉಳಿದವು.

ಅಣ್ಣನ ಮಗ ದುಂಡಪ್ಪ. ಊರಲ್ಲಿ ಹಿಟ್ಟಿನ ಗಿರಣಿ ನಡೆಸುತ್ತಿದ್ದ. ತೋಟವನ್ನೂ ನೋಡಿಕೊಳ್ಳುತ್ತಿದ್ದ. ಕೆಟ್ಟವನೇನಲ್ಲ. ಯಾವುದೋ ಕೆಲಸಕ್ಕೆ ತಾಲೂಕು ಕಚೇರಿಗೆ ಹೋದಾಗ ಅಪ್ಪನ ಹೆಸರಿನಲ್ಲಿದ್ದ ಪಹಣಿ ತೆಗೆಸಿದ. ಅದರಲ್ಲಿ ಹಳ್ಳದ ಹೊಲ ಇತ್ತು. ಮಾಲೀಕರ ಕಾಲಮಿನಲ್ಲಿ ಅವನ ಅಪ್ಪನ ಹೆಸರು. ಸಾಗುವಳಿ ಮಾಡುವವರ ಕಾಲಮಿನಲ್ಲಿಯೂ ಅವನ ಅಪ್ಪನ ಹೆಸರು. ಆ ದಿನಗಳಲ್ಲಿ ಕರೆಂಟಿನ ಗಾಳಿಯಂತ್ರ ನೆಡುವವರು ಒಳ್ಳೆಯ ಹಣ ಕೊಡುತ್ತೇವೆಂದು ಹಳ್ಳದ ಕಡೆ ಜಾಗ ಹುಡುಕುತ್ತಿದ್ದರು. ದುಂಡಪ್ಪ ಆ ಕಾಗದವನ್ನು ಮಡಚಿ ಕಿಸೆಗೆ ಹಾಕಿಕೊಂಡ. ಊರು ತಲುಪುವಷ್ಟರಲ್ಲಿ ಹೊಲ ತನ್ನದು ಎಂದು ಅವನಿಗೆ ಅನ್ನಿಸತೊಡಗಿತ್ತು.

ಶ್ರಾವಣದಲ್ಲಿ ಒಂದು ದಿನ ಅವನು ಹಳ್ಳದ ಹೊಲಕ್ಕೆ ಬಂದ. ಅವನಿಗೆ ಅತ್ತಿಗೆಯಾಗಬೇಕಾದ ನೀಲಗಂಗವ್ವ ಬಾಡಿಗೆ ಎತ್ತಿನಿಂದ ಕುಂಟೆ ಹೊಡೆಸುತ್ತಿದ್ದಳು.

"ವೈನಿ, ಈ ಸಲ ಬಿತ್ತಬ್ಯಾಡ್ರಿ," ಎಂದ. "ಹೊಲ ನಮ್ಮ ಹೆಸರಿನಾಗ ಐತಿ."

ಅವಳು ಚೇಷ್ಟೆ ಎಂದುಕೊಂಡು ನಕ್ಕಳು. ಅವನು ಕಾಗದ ತೆಗೆದು ತೋರಿಸಿದ. ಅವಳಿಗೆ ಓದಲು ಬರುತ್ತಿತ್ತು. ಓದಿದಳು. ನಗು ನಿಂತಿತು.

"ದುಂಡಪ್ಪ, ಈ ಹೊಲದಾಗ ನಿಮ್ಮಪ್ಪ ಕಾಲಿಟ್ಟು ನಲವತ್ತು ವರ್ಷ ಆತು. ನೀ ಕಾಲಿಟ್ಟಿದ್ದು ಇವತ್ತ."

"ಕಾಗದ ಹಂಗ ಹೇಳೂದಿಲ್ಲ, ವೈನಿ," ಎಂದು ಅವನು ಹೊರಟುಹೋದ.

ಮರುದಿನ ಟ್ರ್ಯಾಕ್ಟರ್ ತಂದ. ನೀಲಗಂಗವ್ವ ಅದರ ಮುಂದೆ ಹೋಗಿ ನಿಂತಳು. ಕೂಗಾಡಲಿಲ್ಲ. ಸುಮ್ಮನೆ ನಿಂತಳು. ಟ್ರ್ಯಾಕ್ಟರ್ ಓಡಿಸುವವನು ಅದೇ ಊರಿನವನು. ಅವಳ ಮುಖ ನೋಡಿ ಗಾಡಿ ಹಿಂದಕ್ಕೆ ತಿರುಗಿಸಿಕೊಂಡು ಹೋದ. "ಬೇರೆ ಊರಿನಿಂದ ತರಿಸುತ್ತೇನೆ," ಎಂದು ದುಂಡಪ್ಪ ಹೇಳಿದ್ದು ಅವಳ ಕಿವಿಗೆ ಬಿತ್ತು.

ಅವಳು ತಾಲೂಕು ಊರಿಗೆ ಹೋಗಿ ಹಂಚಿನಾಳ ವಕೀಲರನ್ನು ಕಂಡಳು. ವಯಸ್ಸಾದವರು, ನೂರಾರು ಹೊಲದ ವ್ಯಾಜ್ಯ ನೋಡಿದವರು. ಎಲ್ಲ ಕೇಳಿಕೊಂಡು ಹೇಳಿದರು:

"ದುಂಡಪ್ಪ ಹೊಲದೊಳಗೆ ಬಾರದಂತೆ ತಡೆಯಾಜ್ಞೆ ಕೇಳೋಣ. ಆದರೆ ಒಂದು ಮಾತು ತಿಳಿದುಕೊಳ್ಳಿ. ಹೊಲ ನಿಮ್ಮ ಸ್ವಾಧೀನದಲ್ಲಿದೆ ಎಂದು ನೀವು ತೋರಿಸಿಕೊಡಬೇಕು. ನಿಮ್ಮ ಹತ್ತಿರ ಏನಿದೆ?"

"ನಾ ಅದೀನಲ್ರಿ," ಎಂದಳು ನೀಲಗಂಗವ್ವ.

"ನೀವು ಇದ್ದೀರಿ ಎನ್ನುವುದಕ್ಕೆ ಏನಿದೆ?"

ಈ ಪ್ರಶ್ನೆ ಅವಳಿಗೆ ವಿಚಿತ್ರವಾಗಿ ಕಂಡಿತು. ಪಹಣಿ ಅವಳ ಹೆಸರಿನಲ್ಲಿ ಇಲ್ಲ. ಕಂದಾಯದ ರಸೀದಿಯೂ ಹಳೆಯ ಹೆಸರಿನಲ್ಲಿಯೇ ಬರುತ್ತಿತ್ತು. ಹಿಂದೆ ಬದುವಿನ ಮೇಲೆ ನಿಂತ ಹಿರಿಯರಲ್ಲಿ ಒಬ್ಬರೂ ಬದುಕಿಲ್ಲ. ಅಕ್ಕಪಕ್ಕದ ಹೊಲದವರು ದುಂಡಪ್ಪನ ಗಿರಣಿಗೆ ಕಾಳು ಹೊತ್ತುಕೊಂಡು ಹೋಗುವವರು. ಅವಳ ಪರವಾಗಿ ಹೇಳಲು ಅವರಿಗೆ ಸಂಕೋಚ, ಅವನ ಪರವಾಗಿ ಹೇಳಲು ನಾಚಿಕೆ. ಹೀಗಾಗಿ ಅವರು ಯಾರ ಕಣ್ಣಿಗೂ ಬೀಳದೆ ಓಡಾಡತೊಡಗಿದರು.

ಅವಳು ಮನೆಗೆ ಬಂದು ಯೋಚಿಸಿದಳು. ನಾನು ಆ ಹೊಲದಲ್ಲಿ ಇದ್ದದ್ದನ್ನು ಕಂಡವರು ಯಾರು? ಕಂಡವರು ಬಹಳ ಜನ. ಆದರೆ ಕಂಡವರು ಬೇರೆ, ಕೇಳಿದವರು ಬೇರೆ. ಆ ಹೊಲದೊಳಗೆ ಕಾಲಿಡುವ ಮೊದಲು ನನ್ನನ್ನು ಕೇಳಿದವರು ಯಾರು?

ಹೀಗೆ ಯೋಚಿಸಿದಾಗ ಅವಳಿಗೆ ಮಾಳಿಂಗ ನೆನಪಾದ.

ಮಾಳಿಂಗ ಕುರಿಗಾರ. ಅವನಿಗೆ ಒಂದು ಗುಂಟೆ ನೆಲವೂ ಇರಲಿಲ್ಲ. ಇನ್ನೂರು ಕುರಿ, ಒಂದು ಕುದುರೆ, ಹೆಂಡತಿ, ಎರಡು ನಾಯಿ, ಇಷ್ಟನ್ನು ಕಟ್ಟಿಕೊಂಡು ವರ್ಷವೆಲ್ಲ ತಿರುಗುವವನು. ಜೋಳ ಕೊಯ್ದ ಮೇಲೆ ಹಳ್ಳದ ಹೊಲಕ್ಕೆ ಬಂದು ನಾಲ್ಕು ದಿನ ಕುರಿ ನಿಲ್ಲಿಸುತ್ತಿದ್ದ. ಹೊಲಕ್ಕೆ ಗೊಬ್ಬರ, ಅವನಿಗೆ ಜೋಳ. ಬರುವಾಗ ಪ್ರತಿಸಲವೂ ಮನೆಗೆ ಬಂದು ಹೊಸ್ತಿಲ ಹೊರಗೆ ನಿಂತು ಕೇಳುತ್ತಿದ್ದ. ಕೇಳದೆ ಒಂದು ಕುರಿಯನ್ನೂ ಇಳಿಸಿದವನಲ್ಲ.

ಆದರೆ ಅದು ಮಳೆಗಾಲ. ಎರೆಯ ಕೆಸರಿನಲ್ಲಿ ಕುರಿಯ ಕಾಲು ಕೊಳೆಯುತ್ತದೆ. ಆಗ ಕುರಿಗಾರರು ಕಲ್ಲುನೆಲದ ಎತ್ತರಕ್ಕೆ ಹೋಗಿಬಿಡುತ್ತಾರೆ. ಮಾಳಿಂಗ ಎಲ್ಲಿದ್ದಾನೋ ಯಾರಿಗೂ ಗೊತ್ತಿರಲಿಲ್ಲ. ನೀಲಗಂಗವ್ವ ಒಂದು ಗಂಟಿನಲ್ಲಿ ಒಣಗಿದ ಕಟಕ ರೊಟ್ಟಿ, ಶೇಂಗಾ ಚಟ್ನಿ ಕಟ್ಟಿಕೊಂಡು ಹೊರಟಳು. ಬಸ್ಸು ಹೋಗುವಲ್ಲಿ ಬಸ್ಸಿನಲ್ಲಿ, ಬಸ್ಸಿಲ್ಲದಲ್ಲಿ ನಡೆದುಕೊಂಡು. ಊರಿಂದೂರಿಗೆ ಕೇಳಿದಳು, "ಬಿಳಿ ಹಣೆಯ ಕುದುರೆ ಇದ್ದ ಕುರಿಗಾರರು ಈ ಕಡೆ ಬಂದಿದ್ದರೇ?" ಮೂರನೆಯ ದಿನ ಮಧ್ಯಾಹ್ನ ಒಂದು ದಿನ್ನೆಯ ಮೇಲೆ ಕುರಿಗಳು ಕಂಡವು. ಕುದುರೆಯೂ ಕಂಡಿತು.

ಮಾಳಿಂಗ ಓಡಿ ಬಂದ. "ಅಕ್ಕಾ, ಇಲ್ಲಿತನಕ ಹೆಂಗ ಬಂದಿ?" ಎಂದು ಕಂಬಳಿ ಹಾಸಿ ಕೂರಿಸಿದ. ಅವನ ಹೆಂಡತಿ ಹಾಲು ಕಾಸಿ ಕೊಟ್ಟಳು. ನೀಲಗಂಗವ್ವ ಬಂದ ಕಾರಣ ಹೇಳಿದಳು. ಅವನ ಮುಖ ಸಣ್ಣದಾಯಿತು.

"ಕೋರ್ಟಿನಾಗ ಮಾತಾಡಾಕ ನನಗೇನು ಬರ್ತೈತಿ, ಅಕ್ಕಾ? ಕರಿ ಕೋಟಿನವರು ಹೆದರಸ್ತಾರ."

"ನನ್ನ ಪರ ಏನೂ ಮಾತಾಡಬ್ಯಾಡ. ಕೇಳಿದ್ದಕ್ಕ ಕಂಡದ್ದು ಹೇಳು. ಕಾಣದ್ದಿದ್ರ ಕಂಡಿಲ್ಲ ಅನ್ನು."

ಅವನು ಹೆಂಡತಿಯ ಕಡೆ ನೋಡಿದ. "ಎರಡು ದಿನ ಕುರಿ ನಾ ನೋಡ್ಕೋತೀನಿ, ಹೋಗಿ ಬಾ," ಎಂದಳು ಅವಳು. ಅಷ್ಟಕ್ಕೆ ಮಾತು ಮುಗಿಯಿತು. ವಿಚಾರಣೆಯ ದಿನವನ್ನು ಮಾಳಿಂಗ ಹುಣ್ಣಿಮೆಯಿಂದ ಎಣಿಸಿ ನೆನಪಿಟ್ಟುಕೊಂಡ.

ದಾವೆ ನಡೆಯಿತು. ಬಿತ್ತನೆಯ ಮೊದಲು ತೀರ್ಮಾನವಾಗಬೇಕೆಂದು ನ್ಯಾಯಾಧೀಶರು ಬೇಗ ದಿನಾಂಕ ಕೊಟ್ಟಿದ್ದರು. ಎರಡೂ ಮನೆಯವರು ಅದಲುಬದಲು ಮಾಡಿಕೊಂಡದ್ದನ್ನು ತೋರಿಸಲು ಹಂಚಿನಾಳ ವಕೀಲರು ನಿಂಬೆ ತೋಟದ ಪಹಣಿಯನ್ನೂ ಹಾಜರು ಮಾಡಿದರು. ಅದು ನೀಲಗಂಗವ್ವನ ಮಾವನ ಹೆಸರಿನಲ್ಲಿಯೇ ಇತ್ತು. ದುಂಡಪ್ಪ ಆ ಕಾಗದವನ್ನು ಅಂದೇ ಮೊದಲು ನೋಡಿದ್ದು. ಅವನ ವಕೀಲರು ಎದ್ದು, "ತೋಟದ ವಿಷಯ ಇವತ್ತಿನ ವಿಷಯವಲ್ಲ," ಎಂದು ವಾದಿಸಿದರು. ದುಂಡಪ್ಪ ಬೆಂಚಿನ ಮೇಲೆ ಕುಳಿತು ಕೈಬೆರಳು ಹಿಸುಕಿಕೊಳ್ಳತೊಡಗಿದ. ಹೊಲ ಕಾಗದದಿಂದ ತನ್ನದಾಗುವುದಾದರೆ ತೋಟ ಕಾಗದದಿಂದ ಯಾರದಾಗುತ್ತದೆ ಎಂಬ ಯೋಚನೆ ಅವನೊಳಗೆ ಹೊಕ್ಕಿತ್ತು.

ಸಾಕ್ಷಿ ಕಟ್ಟೆ ಹತ್ತುವ ಮೊದಲು ವಕೀಲರು ನೀಲಗಂಗವ್ವನನ್ನು ಪಕ್ಕಕ್ಕೆ ಕರೆದರು.

"ಪ್ರತಿವರ್ಷ ಐದೂ ಎಕರೆ ಬಿತ್ತಿದ್ದೀರಾ ಎಂದು ಕೇಳಬಹುದು. ಹೌದು ಎಂದುಬಿಡಿ. ಒಂದು ವರ್ಷ ಬಿಟ್ಟೆ ಎಂದರೂ ಅವರು ಅದನ್ನೇ ಹಿಡಿದುಕೊಳ್ಳುತ್ತಾರೆ."

ಅವಳು ತಲೆ ಆಡಿಸಿದಳು. ಹೌದು ಎಂದೋ ಇಲ್ಲ ಎಂದೋ ವಕೀಲರಿಗೆ ತಿಳಿಯಲಿಲ್ಲ.

ಅವಳು ಸಾಕ್ಷಿ ಕಟ್ಟೆಯಲ್ಲಿ ನಿಂತಳು. ಹೊಲ ಹೇಗೆ ಬಂತು, ಯಾವಾಗ ಬಿತ್ತುತ್ತಾಳೆ, ಯಾವಾಗ ಕೊಯ್ಯುತ್ತಾಳೆ, ಎಲ್ಲ ಹೇಳಿದಳು. ಆಮೇಲೆ ದುಂಡಪ್ಪನ ವಕೀಲರು ಪಾಟೀಸವಾಲಿಗೆ ಎದ್ದರು. ಅವರು ಕೇಳಿದ ಮೊದಲ ಪ್ರಶ್ನೆಯೇ ಅದು.

"ನಲವತ್ತು ವರ್ಷದಿಂದ ಐದೂ ಎಕರೆಯನ್ನು ಬಿಡದೆ ಬಿತ್ತಿದ್ದೀರಾ?"

ನೀಲಗಂಗವ್ವನಿಗೆ ಹೌದು ಎನ್ನುವುದು ಸುಲಭವಿತ್ತು. ನಾಲಿಗೆಯ ತುದಿಗೆ ಬಂದಿತ್ತು. ಆದರೆ ಆ ಹೊಲದ ಬಗ್ಗೆ ಅವಳು ಇದುವರೆಗೆ ಸುಳ್ಳು ಹೇಳಿರಲಿಲ್ಲ. ಹೇಳುವ ಪ್ರಸಂಗವೂ ಬಂದಿರಲಿಲ್ಲ. ಈಗ ಬಂದಾಗ ಬಾಯಿ ಬರಲಿಲ್ಲ.

"ಇಲ್ರಿ," ಎಂದಳು.

ಹಂಚಿನಾಳ ವಕೀಲರು ಕಣ್ಣು ಮುಚ್ಚಿಕೊಂಡರು.

"ನಮ್ಮ ಮನಿಯವರು ತೀರಿಕೊಂಡ ವರ್ಷ ಪೂರಾ ಬಿತ್ತಲಿಲ್ಲ. ಅದರ ಮುಂದಿನ ವರ್ಷನೂ ಬಿತ್ತಲಿಲ್ಲ. ಹಳ್ಳದ ಕಡೆಯ ಎರಡು ಎಕರೆ ಹಂಗ ಬಿಟ್ಟೆ. ಮೇಲಿನ ಮೂರು ಎಕರೆ ಅಷ್ಟ ಬಿತ್ತಿದೆ."

"ಯಾಕೆ ಬಿಟ್ಟಿರಿ?"

"ಆಗಲಿಲ್ರಿ. ಕೂರಿಗೆ ಹಿಂದ ನಡೀಬೇಕಾದ್ರ ಮುಂದ ಅವರು ಇಲ್ಲ ಅನ್ನೂದು ಕಾಣತಿತ್ತು. ಮೂರು ಎಕರೆಗೆ ಸಾಕಾಗಿ ಬದುವಿನ ಮ್ಯಾಲ ಕೂತುಬಿಟ್ಟೆ. ಊರಾಗ ಯಾರಿಗೂ ಹೇಳಿಲ್ಲ. ಹೊಲ ಬೀಳು ಕೆಡವಿದೆ ಅಂತ ನನಗ ನಾಚಿಕಿ ಇತ್ತು."

ಎದುರು ವಕೀಲರು ನ್ಯಾಯಾಧೀಶರ ಕಡೆ ತಿರುಗಿದರು. "ಎರಡು ವರ್ಷ, ಎರಡು ಎಕರೆ, ಇವರ ಸ್ವಾಧೀನದಲ್ಲಿ ಇರಲಿಲ್ಲ ಎಂದು ಇವರೇ ಒಪ್ಪಿಕೊಂಡಿದ್ದಾರೆ. ದಯವಿಟ್ಟು ಬರೆದುಕೊಳ್ಳಬೇಕು," ಎಂದರು. ನ್ಯಾಯಾಧೀಶರು ಬರೆದುಕೊಂಡರು. ನೀಲಗಂಗವ್ವ ಕೆಳಗಿಳಿದು ಬಂದು ಕುಳಿತಳು. ವಕೀಲರು ಅವಳತ್ತ ನೋಡಲಿಲ್ಲ. ಸೋತೆ ಎಂದೇ ಅವಳಿಗೂ ಅನ್ನಿಸಿತು. ಆದರೂ ಎದೆ ಹಗುರವಾಗಿತ್ತು. ಒಂಬತ್ತು ವರ್ಷ ಯಾರಿಗೂ ಹೇಳದ ಮಾತನ್ನು ಅವಳು ಗುರುತಿಲ್ಲದ ಜನರ ಮುಂದೆ ಹೇಳಿ ಮುಗಿಸಿದ್ದಳು.

ಮಾಳಿಂಗನನ್ನು ಕರೆದರು. ಸಾಕ್ಷಿಗಳು ಹೊರಗೆ ಕೂರಬೇಕು ಎಂಬುದು ಕೋರ್ಟಿನ ಕ್ರಮ. ಅವನು ಆಗಷ್ಟೇ ಬಸ್ಸಿನಿಂದಿಳಿದು ಬಂದು ಹೊರಗಿನ ಬೇವಿನ ಗಿಡದ ಕೆಳಗೆ ಕೂತಿದ್ದ. ಒಳಗೆ ಏನು ನಡೆಯಿತೆಂದು ಅವನಿಗೆ ತಿಳಿಯದು. ಕಂಬಳಿಯನ್ನು ಹೆಗಲಿನಿಂದ ತೆಗೆದು ಕೈಯಲ್ಲಿ ಹಿಡಿದು ಕಟ್ಟೆ ಹತ್ತಿದ.

ಹೊಲ ಗೊತ್ತೇ ಎಂದು ಕೇಳಿದರು. ಗೊತ್ತು ಎಂದ. ಅಲ್ಲಿ ಕುರಿ ನಿಲ್ಲಿಸುವ ಮೊದಲು ಯಾರನ್ನು ಕೇಳುತ್ತಿದ್ದೆ ಎಂದು ಕೇಳಿದರು. ಕಲ್ಲಪ್ಪಣ್ಣನನ್ನು, ಆಮೇಲೆ ಅಕ್ಕನನ್ನು ಎಂದ. ದುಂಡಪ್ಪನ ವಕೀಲರು ಎದ್ದರು.

"ವರ್ಷ, ತಾರೀಕು ಏನಾದರೂ ಹೇಳಬಲ್ಲೆಯಾ?"

"ತಾರೀಕು ಗೊತ್ತಿಲ್ರಿ. ಜ್ವಾಳ ಕೊಯ್ದ ಮ್ಯಾಲ ಬರತಿದ್ವಿ." ನೆನಪು ಮಾಡಿಕೊಂಡು ಸೇರಿಸಿದ. "ಎರಡು ವರ್ಷ ಮಾತ್ರ ಕಾರ್ತೀಕದಾಗ ಬಂದ್ವಿ."

"ಕಾರ್ತಿಕದಲ್ಲಿ ಹೊಲದಲ್ಲಿ ಬೆಳೆ ಇರುತ್ತದೆ. ಕುರಿ ಹೇಗೆ ನಿಲ್ಲಿಸುತ್ತೀ?"

"ಬೆಳಿ ಇರಲಿಲ್ರಿ. ಆ ಹಾದಿಲೆ ಹೊಂಟಾಗ ನೋಡಿದ್ರ ಹಳ್ಳದ ಕಡೆ ಎರಡು ಎಕರೆ ಬೀಳು ಬಿದ್ದಿತ್ತು. ಕಲ್ಲಪ್ಪಣ್ಣ ಹೋದ ವರ್ಷ ಅದು. ಅವನ್ನ ಕೇಳಾಕಂತ ಮನಿಗೆ ಹೋದ್ರ ಅಕ್ಕ ಒಬ್ಬಾಕಿ ಬಾಗಲಾಗ ಕೂತಿದ್ಲು. ಎಲ್ಲಿ ಇಳಸಲಿ ಅಂದೆ. ಹಳ್ಳದ ಕಡೆ ಇಳಸು, ಅಲ್ಲಿ ಏನೂ ಇಲ್ಲ ಅಂದ್ಲು. ಮುಂದಿನ ವರ್ಷನೂ ಹಂಗ ಅಂದ್ಲು. ಮೂರನೇ ವರ್ಷ ಹೋದ್ರ ಅಲ್ಲಿ ಜ್ವಾಳ ನಿಂತಿತ್ತು. ನಾ ಮತ್ತ ಕುರಿ ಹೊಡಕೊಂಡು ಹ್ವಾದೆ. ಅಕ್ಕ ಮತ್ತ ಬಿತ್ತ್ಯಾಳ ಅಂತ ನನ್ನ ಹೆಂಡತಿಗೆ ಹೇಳಿದೆ. ಆಕಿಗೂ ಖುಷಿ ಆತು."

ನ್ಯಾಯಾಧೀಶರು ಬರೆಯುವುದನ್ನು ನಿಲ್ಲಿಸಿ ಅವನನ್ನು ನೋಡಿದರು. ಹಂಚಿನಾಳ ವಕೀಲರು ಮೆಲ್ಲನೆ ನೇರವಾಗಿ ಕುಳಿತರು.

ಕೊನೆಗೆ ದುಂಡಪ್ಪನ ಸರದಿ. ಅವನು ಪಹಣಿಗಳ ಕಟ್ಟು ತಂದಿದ್ದ. ಪ್ರತಿವರ್ಷದ ಕಾಲಮಿನಲ್ಲಿಯೂ ಒಂದೇ ಬರಹ: ಜೋಳ, ಐದು ಎಕರೆ. ಅಪ್ಪನೂ ತಾನೂ ಒಂದು ವರ್ಷವೂ ಬಿಡದೆ ಐದೂ ಎಕರೆ ಬಿತ್ತಿದ್ದೇವೆ ಎಂದು ಪ್ರಮಾಣಪತ್ರ ಕೊಟ್ಟಿದ್ದ. ಅದನ್ನೇ ಹೇಳಿದ. ನ್ಯಾಯಾಧೀಶರೇ ಅವನನ್ನು ಕೇಳಿದರು.

"ಒಂಬತ್ತು ವರ್ಷದ ಹಿಂದೆ ಹಳ್ಳದ ಕಡೆಯ ಎರಡು ಎಕರೆಯಲ್ಲಿ ಏನಿತ್ತು?"

"ಜೋಳ ಇತ್ತು."

"ಕಾರ್ತಿಕದಲ್ಲಿ ಜೋಳ ಎಷ್ಟು ಎತ್ತರ ಇರುತ್ತದೆ?"

"ಮೊಣಕಾಲ ಮಟ್ಟ."

"ಮೊಣಕಾಲ ಮಟ್ಟದ ಜೋಳದಲ್ಲಿ ಇನ್ನೂರು ಕುರಿ ನಿಂತದ್ದು ನಿಮಗೆ ಕಾಣಲಿಲ್ಲವೇ?"

ದುಂಡಪ್ಪ ಕಾಗದದ ಕಟ್ಟನ್ನು ನೋಡಿದ. ಅದರಲ್ಲಿ ಕುರಿಯ ವಿಷಯ ಇರಲಿಲ್ಲ.

ಹತ್ತು ದಿನದ ಮೇಲೆ ನ್ಯಾಯಾಧೀಶರು ತೀರ್ಪು ಓದಿದರು. ನೀಲಗಂಗವ್ವನಿಗೆ ಅರ್ಥವಾಗಲಿ ಎಂದು ಕೊನೆಯಲ್ಲಿ ಅವಳತ್ತ ನೋಡಿ ತಾವೇ ಬಿಡಿಸಿ ಹೇಳಿದರು.

"ಈ ಹೊಲದ ಒಡೆತನ ಯಾರದು ಎಂದು ನಾನು ಇವತ್ತು ಹೇಳುತ್ತಿಲ್ಲ. ಅದನ್ನು ಬೇಕಾದವರು ಬೇರೆ ದಾವೆ ಹಾಕಿ ಕೇಳಿಕೊಳ್ಳಬಹುದು. ತಡೆಯಾಜ್ಞೆ ಕೇಳಿದಾಗ ನಾನು ನೋಡಬೇಕಾದದ್ದು ಒಂದೇ, ಹೊಲದೊಳಗೆ ಯಾರಿದ್ದಾರೆ ಎನ್ನುವುದು. ಹೊರಗಿನವರು ಬಾರದಂತೆ ತಡೆ ಎಂದು ಕೇಳುವ ಹಕ್ಕು ಒಳಗಿರುವವರಿಗೆ ಮಾತ್ರ. ಹೊರಗೆ ನಿಂತವರಿಗೆ ನಾನು ಅದನ್ನು ಕೊಟ್ಟರೆ ಅದು ತಡೆಯಲ್ಲ, ಒಳಗೆ ನುಗ್ಗಲು ಮಾಡಿಕೊಟ್ಟ ದಾರಿ."

ಅವರು ಕನ್ನಡಕ ತೆಗೆದು ಮುಂದುವರಿಸಿದರು.

"ಹೊಲದ ಬೆಳೆಯನ್ನು ಕಾಗದ ನೋಡಿಯೂ ಹೇಳಬಹುದು. ಹೊಲ ಬೀಳು ಬಿದ್ದ ವರ್ಷವನ್ನು ಅಲ್ಲಿ ಇದ್ದವರು ಮಾತ್ರ ಹೇಳಬಲ್ಲರು. ಈ ತಾಯಿ ತಮಗೆ ನಷ್ಟವಾಗುವ ಮಾತನ್ನು ಹೇಳಿದರು. ಹೊರಗೆ ಕುಳಿತಿದ್ದ ಕುರಿಗಾರ ಅದನ್ನು ಕೇಳಿಸಿಕೊಳ್ಳದೆಯೇ ಅದೇ ಮಾತು ಹೇಳಿದ. ಹೊಲ ಇವರ ಸ್ವಾಧೀನದಲ್ಲಿದೆ. ಪ್ರತಿವಾದಿಯವರು ಒಳಗೆ ಹೋಗಕೂಡದು."

ಹೊರಗೆ ಬಂದ ಮೇಲೆ ಹಂಚಿನಾಳ ವಕೀಲರು ಬಹಳ ಉತ್ಸಾಹದಲ್ಲಿದ್ದರು. "ನಾನು ಹೇಳಿದ ಹಾಗೆ ಹೇಳದೆ ಒಳ್ಳೆಯದು ಮಾಡಿದಿರಿ," ಎಂದು ನಕ್ಕರು. ಆಮೇಲೆ ದನಿ ತಗ್ಗಿಸಿ ಹೇಳಿದರು, "ನಿಂಬೆ ತೋಟ ಕಾಗದದಲ್ಲಿ ನಿಮ್ಮ ಮಾವನವರದು. ಒಂದು ನೋಟೀಸು ಕಳಿಸೋಣ. ದುಂಡಪ್ಪ ಓಡಿ ಬರುತ್ತಾನೆ."

ನೀಲಗಂಗವ್ವ ಒಪ್ಪಲಿಲ್ಲ.

"ಆ ಗಿಡಗೋಳಿಗೆ ನೀರು ಹೊತ್ತವರು ಅವರು, ವಕೀಲ್ರ. ನಾ ಒಂದು ಕೊಡ ಸುದ್ದಾ ಹಾಕಿಲ್ಲ. ನಂದು ಅಂತ ಯಾವ ಬಾಯಿಲೆ ಅನ್ನಲಿ?"

ಮೂರು ದಿನ ಬಿಟ್ಟು ಅವಳೇ ದುಂಡಪ್ಪನ ತೋಟಕ್ಕೆ ಹೋದಳು. ಅವನು ಗಿಡಗಳಿಗೆ ನೀರು ತಿರುಗಿಸುತ್ತಿದ್ದ. ಅವಳನ್ನು ಕಂಡೊಡನೆ ಸಲಿಕೆ ಕೆಳಗಿಟ್ಟ. ಈ ಮೂರು ದಿನ ಅವನಿಗೆ ಸರಿಯಾಗಿ ಊಟ ಸೇರಿರಲಿಲ್ಲ.

"ತೋಟ ಕೇಳಾಕ ಬಂದ್ರೇನು, ವೈನಿ?"

"ನಿಂಬಿಹಣ್ಣು ಕೇಳಾಕ ಬಂದೀನಿ. ಉಪ್ಪಿನಕಾಯಿ ಹಾಕಬೇಕು," ಎಂದಳು. ಬದುವಿನ ಮೇಲೆ ಕುಳಿತಳು. "ದುಂಡಪ್ಪ, ಸೋಮವಾರ ರಿಜಿಸ್ಟರ್ ಕಚೇರಿಗೆ ಹೋಗೂಣು. ಮಾವ, ದೊಡ್ಡಮಾವ ಬಾಯಿಲೆ ಮಾಡಿದ್ದು ಚಲೋ ಇತ್ತು. ಅದನ್ನ ನಾವು ಕಾಗದದಾಗ ಬರಸೂಣು. ನೀ ಇರೂದು ನಿನ್ನ ಹೆಸರಿಗೆ ಆಗಲಿ. ನಾ ಇರೂದು ನನ್ನ ಹೆಸರಿಗೆ ಆಗಲಿ."

ದುಂಡಪ್ಪ ಗಿಡದಿಂದ ಗಿಡಕ್ಕೆ ಹೋಗಿ ಒಳ್ಳೊಳ್ಳೆಯ ಹಣ್ಣು ಆರಿಸಿ ಕಿತ್ತು ತಂದ. ಅವಳ ಸೆರಗು ತುಂಬಿತು. ಸಾಕು ಎಂದರೂ ಅವನು ಇನ್ನೂ ಹಾಕುತ್ತಲೇ ಇದ್ದ. ಹಾಕುತ್ತ ಹಾಕುತ್ತ, "ತಪ್ಪಾತು, ವೈನಿ," ಎಂದ.

"ಆತು ಬಿಡು," ಎಂದಳು.

ಸೋಮವಾರ ಇಬ್ಬರೂ ಒಂದೇ ಬಸ್ಸಿನಲ್ಲಿ ಹೋಗಿ ಬಂದರು. ಗಾಳಿಯಂತ್ರದವರು ಬೇರೆ ಊರಿನ ದಿನ್ನೆ ನೋಡಿಕೊಂಡರು. ಹಸ್ತದ ಮಳೆ ಚೆನ್ನಾಗಿ ಬಿತ್ತು. ನೆಲ ಹದಕ್ಕೆ ಬಂದಾಗ ನೀಲಗಂಗವ್ವ ಐದೂ ಎಕರೆ ಬಿತ್ತಿದಳು. ಬಿತ್ತಿ ಮುಗಿಸಿ ಹಳ್ಳದಲ್ಲಿ ಕಾಲು ತೊಳೆದುಕೊಂಡು ಮನೆಗೆ ಹೋಗಿ ಬಿಸಿ ರೊಟ್ಟಿ ಮಾಡಿಕೊಂಡು ಉಂಡಳು. ಆ ದಿನ ಅವಳಿಗೆ ಯಾವ ಚಿಂತೆಯೂ ಇರಲಿಲ್ಲ.

ಗುರುಗಳು ಕತೆ ನಿಲ್ಲಿಸಿದರು.

ಚನ್ನವೀರನ ಮುಖ ಅರಳಿತ್ತು. "ಒಳ್ಳೆಯ ಹೆಣ್ಣುಮಗಳು," ಎಂದ. "ಅವಳಿಗೆ ಸಿಗಬೇಕಾದದ್ದು ಸಿಕ್ಕಿತು. ಆದರೆ ಅಜ್ಜಾರೆ, ನಾನು ಕೇಳಿದ ಮಂತ್ರ?"

"ಕೊಡುತ್ತೇನೆ," ಎಂದರು ಗುರುಗಳು. "ಮೊದಲು ಒಂದು ಹೇಳು. ತಡೆಯಾಜ್ಞೆ ಒಳಗಿರುವವರಿಗೆ ಮಾತ್ರ. ಕೋಪ ನಿನ್ನ ಮನಸ್ಸಿನೊಳಗೆ ಬಂದ ಹೊತ್ತಿನಲ್ಲಿ ನೀನು ಎಲ್ಲಿದ್ದೆ?"